ವುಡ್‌ರಿಡ್ಜ್ ಎಂಬ ‘ಹಳ್ಳಿ’: ಊರು, ಒಕ್ಕಲು ಮತ್ತು ಹಕ್ಕು



ಕನ್ನಡದಲ್ಲಿ ‘ಹಳ್ಳಿ’ ಎಂದೊಡನೆ ಮೂಡುವ ಚಿತ್ರದಲ್ಲಿ ಅರಳಿಕಟ್ಟೆ ಇರುತ್ತದೆ, ಊರಬಾವಿ ಇರುತ್ತದೆ, ಮಾರಿಗುಡಿ ಇರುತ್ತದೆ; ಆ ಬಾವಿಯನ್ನು ಮುಟ್ಟಬಾರದೆಂದು ಊರಾಚೆ ಇರಿಸಲ್ಪಟ್ಟ ಕೇರಿಯೂ ಇರುತ್ತದೆ. ಇಲಿನಾಯ್ ರಾಜ್ಯದ ಕಾನೂನಿನಲ್ಲಿ ‘ವಿಲೇಜ್’ ಎಂಬ ಪದ ಇಂಥ ಯಾವ ಚಿತ್ರವನ್ನೂ ಹೊತ್ತಿಲ್ಲ. ಅದು ಸ್ಥಳೀಯ ಆಡಳಿತದ ಒಂದು ಬಗೆಯ ಹೆಸರು, ಅಷ್ಟೆ. ಷಿಕಾಗೋ ನಗರದ ನೈಋತ್ಯಕ್ಕೆ ಸುಮಾರು 25 ಮೈಲಿ ದೂರದಲ್ಲಿರುವ ವುಡ್‌ರಿಡ್ಜ್ ಈ ಅರ್ಥದಲ್ಲಿ ಒಂದು ಹಳ್ಳಿ. 2020ರ ಜನಗಣತಿಯ ಪ್ರಕಾರ ಅಲ್ಲಿನ ಜನಸಂಖ್ಯೆ 34,158. ಇಷ್ಟು ಜನರಿರುವ ಊರು ಕರ್ನಾಟಕದಲ್ಲಿದ್ದರೆ ಅದಕ್ಕೆ ಪುರಸಭೆ ಇರುತ್ತಿತ್ತು, ಬಸ್ ನಿಲ್ದಾಣ ಇರುತ್ತಿತ್ತು, ಸಂತೆಯ ದಿನವೊಂದು ಇರುತ್ತಿತ್ತು. ವುಡ್‌ರಿಡ್ಜ್‌ನಲ್ಲಿ ಪೇಟೆಬೀದಿ ಎಂದು ಬೆರಳು ತೋರಿಸಬಹುದಾದ ಒಂದು ಹಳೆಯ ಬೀದಿಯೂ ಇಲ್ಲ. ನೆರೆಯ ಡೌನರ್ಸ್ ಗ್ರೋವ್ ಮತ್ತು ಲೈಲ್ ಊರುಗಳು ರೈಲುಹಳಿಯ ಸುತ್ತ ಬೆಳೆದವು; ವುಡ್‌ರಿಡ್ಜ್ ಬೆಳೆದದ್ದು ಕಾರಿನ ಕಾಲದಲ್ಲಿ, ಒಬ್ಬ ಕಟ್ಟಡ ಉದ್ಯಮಿಯ ನಕಾಶೆಯ ಮೇಲೆ.

ಅಂಥ ಊರಿಗೆ ಚರಿತ್ರೆ ಇರುತ್ತದೆಯೇ ಎಂಬ ಪ್ರಶ್ನೆ ಸಹಜ. ಅಲ್ಲಿ ಮನೆ ಕೊಂಡು ನೆಲೆಸಿರುವ ಕನ್ನಡಿಗರಲ್ಲಿ ಅನೇಕರಿಗೆ ಆ ಊರು ಒಂದು ಅಂಚೆ ವಿಳಾಸ, ಒಂದು ಶಾಲಾ ಜಿಲ್ಲೆ, ಹೆದ್ದಾರಿಯ ಒಂದು ತಿರುವು. ಮೈಸೂರಿನ ಅಗ್ರಹಾರದ ಬೀದಿಗಳನ್ನೋ ಧಾರವಾಡದ ಓಣಿಗಳನ್ನೋ ಕಣ್ಣು ಮುಚ್ಚಿ ಹೇಳಬಲ್ಲವರು ತಾವು 20 ವರ್ಷದಿಂದ ತೆರಿಗೆ ಕಟ್ಟುತ್ತಿರುವ ಊರಿನ ಹೊಳೆಯ ಹೆಸರನ್ನು ತಟ್ಟನೆ ಹೇಳಲಾರರು. ಆ ಹೊಳೆ ಡುಪೇಜ್ ನದಿಯ ಪೂರ್ವ ಶಾಖೆ. ಊರಿನ ಪಶ್ಚಿಮದ ಅಂಚಿನಲ್ಲಿ, ದೊಡ್ಡ ಸದ್ದಿಲ್ಲದೆ ಅದು ದಕ್ಷಿಣಕ್ಕೆ ಹರಿಯುತ್ತದೆ. ಹಿಮಯುಗದ ನೀರ್ಗಲ್ಲು ಹಿಂದೆ ಸರಿಯುವಾಗ ಬಿಟ್ಟುಹೋದ ಮಣ್ಣು-ಕಲ್ಲಿನ ದಿಬ್ಬಗಳು ಈ ಸೀಮೆಯಲ್ಲೆಲ್ಲ ಇವೆ. ಹೊಳೆಯ ಮೇಲಿನ ಮರಗಳಿದ್ದ ಏರನ್ನು ನೋಡಿಯೇ ಊರಿಗೆ ‘ಕಾಡಿನ ಏಣು’ ಎಂಬ ಅರ್ಥದ ಹೆಸರಿಟ್ಟರು. ಪೂರ್ವಕ್ಕೆ ಡೇರಿಯನ್, ಪಶ್ಚಿಮಕ್ಕೆ ನೇಪರ್‌ವಿಲ್, ದಕ್ಷಿಣಕ್ಕೆ ಬೋಲಿಂಗ್‌ಬ್ರೂಕ್ ಮತ್ತು ಲೆಮಾಂಟ್. ಊರಿನ ಬಹುಭಾಗ ಡುಪೇಜ್ ಕೌಂಟಿಯಲ್ಲಿದೆ; ಸಣ್ಣ ತುಣುಕುಗಳು ವಿಲ್ ಮತ್ತು ಕುಕ್ ಕೌಂಟಿಗಳಲ್ಲಿವೆ.

ಊರಿನ ಮುಖ್ಯ ರಸ್ತೆಗಳಲ್ಲಿ ಒಂದು ಹಾಬ್ಸನ್ ರಸ್ತೆ. 1830ರ ದಶಕದ ಆರಂಭದಲ್ಲಿ ಇಲ್ಲಿಗೆ ಬಂದು, ನದಿಯ ದಡದಲ್ಲಿ ಹಿಟ್ಟಿನ ಗಿರಣಿ ಕಟ್ಟಿದ, ಡುಪೇಜಿನ ಮೊದಲ ಬಿಳಿಯ ರೈತನೆಂದು ದಾಖಲಾದವನ ಹೆಸರು ಅದು. ಅವನ ಪೂರ್ಣ ಹೆಸರು ಬೇಲಿ ಹಾಬ್ಸನ್. ಬಯಲಿಗೆ ಮೊದಲು ಬಂದವನ ಹೆಸರೇ ‘ಬೇಲಿ’ಯಾಗಿರುವುದು ಕನ್ನಡದ ಕಿವಿಗೆ ಮಾತ್ರ ಕೇಳಿಸುವ ವ್ಯಂಗ್ಯ. ಆ ಬಯಲು ಪೊಟವಾಟಮಿ ಜನರದ್ದಾಗಿತ್ತು. 1833ರ ಷಿಕಾಗೋ ಒಪ್ಪಂದದಲ್ಲಿ ಅವರು ಮಿಷಿಗನ್ ಸರೋವರದ ಪಶ್ಚಿಮದ ತಮ್ಮ ನೆಲವನ್ನು ಬಿಟ್ಟುಕೊಡಬೇಕಾಯಿತು. ಮುಂದಿನ ಕೆಲವೇ ವರ್ಷಗಳಲ್ಲಿ ಮಿಸಿಸಿಪ್ಪಿಯಾಚೆಗೆ ಸಾಗಿಸಲ್ಪಟ್ಟರು. 1839ರಲ್ಲಿ ಡುಪೇಜ್ ಕೌಂಟಿ ರಚನೆಯಾಗುವ ಹೊತ್ತಿಗೆ ನೆಲವೆಲ್ಲ ಚೌಕಗಳಾಗಿ ಅಳೆಯಲ್ಪಟ್ಟಿತ್ತು.

ಇದು ಮುಗಿದ ಕಥೆಯೆಂದು ಶಾಲೆಯ ಪುಸ್ತಕಗಳು ಬಹುಕಾಲ ಹೇಳಿದವು. ಮುಗಿದಿರಲಿಲ್ಲ. ವುಡ್‌ರಿಡ್ಜ್‌ನ ಪಶ್ಚಿಮಕ್ಕೆ ಕಾರಿನಲ್ಲಿ ಒಂದು ಗಂಟೆಯ ಹಾದಿಯಾದ ಡಿಕ್ಯಾಲ್ಬ್ ಕೌಂಟಿಯಲ್ಲಿ ಪೊಟವಾಟಮಿ ಮುಖಂಡ ಶಬ್ಬೋನನಿಗೆ 1829ರ ಒಪ್ಪಂದ 1,280 ಎಕರೆಯನ್ನು ಮೀಸಲಿಟ್ಟಿತ್ತು. 1849ರಲ್ಲಿ ಅವನು ಕ್ಯಾನ್ಸಸ್‌ನಲ್ಲಿದ್ದ ತನ್ನ ಬಂಧುಗಳನ್ನು ನೋಡಲು ಹೋಗಿದ್ದಾಗ ಸರ್ಕಾರ ಆ ನೆಲವನ್ನು ಹರಾಜು ಹಾಕಿತು. ಊರಿಗೆ ಹೋಗಿ ಬರುವುದರೊಳಗೆ ಜಮೀನು ಕಳೆದುಕೊಂಡವನ ಕಥೆ ಕನ್ನಡಿಗರಿಗೆ ಹೊಸದಲ್ಲ. ಹೊಸದೆಂದರೆ ಮುಂದಿನದು: ಪ್ರೇರಿ ಬ್ಯಾಂಡ್ ಪೊಟವಾಟಮಿಗಳು ಆ ನೆಲದ ತುಂಡುಗಳನ್ನು ತಾವೇ ಹಣ ಕೊಟ್ಟು ಮರಳಿ ಕೊಂಡರು; 2024ರ ಏಪ್ರಿಲ್‌ನಲ್ಲಿ ಅದರಲ್ಲಿ 130 ಎಕರೆಯನ್ನು ಒಕ್ಕೂಟ ಸರ್ಕಾರ ಬುಡಕಟ್ಟಿನ ನೆಲವೆಂದು ಮಾನ್ಯ ಮಾಡಿತು. ಇಲಿನಾಯ್‌ನಲ್ಲಿ ಇಂದು ಒಕ್ಕೂಟ ಸರ್ಕಾರದ ಮಾನ್ಯತೆಯುಳ್ಳ ಬುಡಕಟ್ಟಿನ ನೆಲ ಅದೊಂದೇ. ನಾಗರಹೊಳೆಯ ಜೇನುಕುರುಬರ ಹಕ್ಕುಪತ್ರದ ಹೋರಾಟವನ್ನು ಬಲ್ಲವರಿಗೆ 175 ವರ್ಷಗಳ ಈ ಕಾಯುವಿಕೆಯ ತೂಕ ತಿಳಿಯುತ್ತದೆ.

ಇನ್ನು ಊರು ಹುಟ್ಟಿದ ಬಗೆ. ಎರಡನೆಯ ಮಹಾಯುದ್ಧದ ನಂತರ ಸರ್ಕಾರದ ಭರವಸೆಯ ಸಾಲ, ಅಗ್ಗದ ಪೆಟ್ರೋಲು, ಹೊಸ ಹೆದ್ದಾರಿ ಎಲ್ಲವೂ ಸೇರಿ ಷಿಕಾಗೋದ ಸುತ್ತಲಿನ ಜೋಳದ ಹೊಲಗಳನ್ನು ಮನೆನಿವೇಶನಗಳಾಗಿ ಮಾಡಿದವು. ಸ್ಯೂರಿಟಿ ಬಿಲ್ಡರ್ಸ್ ಸಂಸ್ಥೆಯ ಆಲ್ಬರ್ಟ್ ಕೌಫ್‌ಮನ್ ಇಲ್ಲಿ ಹೊಲಗಳನ್ನು ಕೊಂಡು ಮನೆ ಕಟ್ಟತೊಡಗಿದ. 1959ರ ಆಗಸ್ಟ್ 24ರಂದು ವುಡ್‌ರಿಡ್ಜ್ ಅಧಿಕೃತವಾಗಿ ‘ವಿಲೇಜ್’ ಆದಾಗ ಅಲ್ಲಿದ್ದವರು ಐನೂರಕ್ಕಿಂತ ಕಡಿಮೆ. ಹತ್ತೇ ವರ್ಷದಲ್ಲಿ ಆ ಸಂಖ್ಯೆ ಹನ್ನೊಂದು ಸಾವಿರದಷ್ಟಾಯಿತು. ಮೊದಲು ಮನೆಗಳು ಬಂದವು, ಆಮೇಲೆ ಊರು ಬಂತು. ಶಾಲೆ, ಗ್ರಂಥಾಲಯ, ಉದ್ಯಾನ ಒಂದೊಂದನ್ನೂ ಅಲ್ಲಿನ ನಿವಾಸಿಗಳು ಸಭೆ ಸೇರಿ, ಮತ ಹಾಕಿ, ತಮ್ಮ ಮೇಲೆ ತಾವೇ ತೆರಿಗೆ ವಿಧಿಸಿಕೊಂಡು ಕಟ್ಟಿಕೊಳ್ಳಬೇಕಾಯಿತು.

ಆದರೆ ಆ ‘ನಿವಾಸಿ’ ಯಾರಾಗಬಹುದಿತ್ತು? ಅದೇ 1959ರಲ್ಲಿ, ಷಿಕಾಗೋದ ಉತ್ತರಕ್ಕಿರುವ ಡಿಯರ್‌ಫೀಲ್ಡ್ ಎಂಬ ಊರಿನಲ್ಲಿ ಒಂದು ಸಂಸ್ಥೆ 51 ಮನೆಗಳನ್ನು ಕಟ್ಟಲು ಹೊರಟಿತು. ಅದರಲ್ಲಿ ಹತ್ತು-ಹನ್ನೆರಡನ್ನು ಕಪ್ಪು ಕುಟುಂಬಗಳಿಗೆ ಮಾರಲಾಗುವುದೆಂಬ ಸುದ್ದಿ ಹೊರಬಿತ್ತು. ಊರವರಿಗೆ ಇದ್ದಕ್ಕಿದ್ದಂತೆ ಉದ್ಯಾನಗಳ ಮೇಲೆ ಪ್ರೀತಿ ಹುಟ್ಟಿತು. ಡಿಸೆಂಬರ್‌ನಲ್ಲಿ ಜನಮತ ನಡೆದು, ಆ ನಿವೇಶನಗಳನ್ನು ಪಾರ್ಕಿಗಾಗಿ ವಶಪಡಿಸಿಕೊಳ್ಳಲು ಬಹುಮತ ಸಿಕ್ಕಿತು. ಆ ಪಾರ್ಕುಗಳು ಇಂದೂ ಇವೆ. ಮಕ್ಕಳು ಇಂದೂ ಅಲ್ಲಿ ಆಡುತ್ತಾರೆ. ಡುಪೇಜ್ ಕೌಂಟಿಯ ಚರಿತ್ರೆಯೂ ಇದಕ್ಕಿಂತ ಬಹಳ ಬೇರೆಯಲ್ಲ. ಬಡವರಿಗೂ ಅಲ್ಪಸಂಖ್ಯಾತರಿಗೂ ಮನೆ ಸಿಗದಂತೆ ಕೌಂಟಿಯು ನಿವೇಶನದ ನಿಯಮಗಳನ್ನು ಬಳಸುತ್ತಿದೆಯೆಂದು ‘ಹೋಪ್’ ಎಂಬ ಸಂಸ್ಥೆ 1971ರಲ್ಲಿ ದಾವೆ ಹೂಡಿತು. ಕೆಳಗಿನ ನ್ಯಾಯಾಲಯ ವಾದಿಗಳ ಪರವಾಗಿ ತೀರ್ಪಿತ್ತಿತು. 1984ರಲ್ಲಿ ಮೇಲ್ಮನವಿ ನ್ಯಾಯಾಲಯ, ದಾವೆ ಹೂಡಲು ವಾದಿಗಳಿಗೆ ಅರ್ಹತೆಯಿಲ್ಲವೆಂಬ ಕಾರಣ ಕೊಟ್ಟು ಅದನ್ನು ತಳ್ಳಿಹಾಕಿತು. ‘ಕೇರಿ’ ಎಂಬ ಪದ ಇಂಗ್ಲಿಷಿನಲ್ಲಿ ಇಲ್ಲದಿರಬಹುದು. ಕೇರಿಯನ್ನು ದೂರವಿಡುವ ವಿದ್ಯೆಗೆ ‘ಜೋನಿಂಗ್’ ಎಂಬ ಸಭ್ಯ ಪದವಿದೆ. ಇಂದಿನ ವುಡ್‌ರಿಡ್ಜ್ ಸುತ್ತಲಿನ ಹಲವು ಊರುಗಳಿಗಿಂತ ಮಿಶ್ರ ಊರು, ಅಲ್ಲಿ ಬಿಳಿಯರು, ಲ್ಯಾಟಿನೊಗಳು, ಕಪ್ಪು ಜನ, ಏಷ್ಯನ್ನರು ಒಂದೇ ಶಾಲೆಗೆ ಮಕ್ಕಳನ್ನು ಕಳಿಸುತ್ತಾರೆ ಎಂಬ ಮಾತು ನಿಜ. ಅದು ತಾನಾಗಿ ಆದದ್ದಲ್ಲ. 1966ರ ಆಗಸ್ಟ್‌ನಲ್ಲಿ ಷಿಕಾಗೋದ ಮಾರ್ಕೆಟ್ ಪಾರ್ಕಿನಲ್ಲಿ ಮಾರ್ಟಿನ್ ಲೂಥರ್ ಕಿಂಗ್ ತಲೆಗೆ ಕಲ್ಲೇಟು ತಿಂದದ್ದು ಮನೆಯ ಹಕ್ಕಿಗಾಗಿ. ಆ ಹಕ್ಕಿನ ಕಾನೂನು ಬಂದದ್ದು 1968ರಲ್ಲಿ, ಅವರ ಹತ್ಯೆಯಾಗಿ ಒಂದು ವಾರಕ್ಕೆ.

ಕನ್ನಡಿಗರು ಈ ಸೀಮೆಗೆ ಬಂದದ್ದು ಆ ತೆರೆದ ಬಾಗಿಲಿನ ಮೂಲಕ. 1965ರ ವಲಸೆ ಕಾನೂನು ನಾಗರಿಕ ಹಕ್ಕುಗಳ ಚಳವಳಿ ಉಂಟುಮಾಡಿದ ವಾತಾವರಣದಲ್ಲಿಯೇ ಬಂತು. ಅದಕ್ಕೂ ಮುಂಚೆ, 1962ರಿಂದ, ಎ. ಕೆ. ರಾಮಾನುಜನ್ ಷಿಕಾಗೋ ವಿಶ್ವವಿದ್ಯಾಲಯದಲ್ಲಿ ಕಲಿಸುತ್ತಿದ್ದರು. 1993ರಲ್ಲಿ ತೀರಿಕೊಳ್ಳುವವರೆಗೂ ಆ ನಗರವೇ ಅವರ ಮನೆಯಾಗಿತ್ತು. ಆದರೆ ನಂತರ ಬಂದವರಲ್ಲಿ ಹೆಚ್ಚಿನವರು ಕವಿಗಳಲ್ಲ, ಎಂಜಿನಿಯರುಗಳು, ವೈದ್ಯರು, ವಿಜ್ಞಾನಿಗಳು. ವುಡ್‌ರಿಡ್ಜ್‌ನ ಆಗ್ನೇಯಕ್ಕೆ ಆರ್ಗಾನ್ ರಾಷ್ಟ್ರೀಯ ಪ್ರಯೋಗಾಲಯ, ಪಶ್ಚಿಮಕ್ಕೆ ನೇಪರ್‌ವಿಲ್‌ನ ಬೆಲ್ ಲ್ಯಾಬ್ಸ್. ನಡುವೆ ಕೈಗೆಟಕುವ ಬೆಲೆಯ ಮನೆಗಳು. 1986ರಲ್ಲಿ ನೆರೆಯ ಲೆಮಾಂಟ್‌ನ ಗುಡ್ಡದ ಮೇಲೆ ರಾಮ ದೇವಾಲಯದ ಪ್ರತಿಷ್ಠೆಯಾಯಿತು. 1989ರಲ್ಲಿ 355ನೇ ಹೆದ್ದಾರಿ ತೆರೆಯಿತು. ಭೂಗೋಳ ಈಗ ಪೂರ್ಣವಾಗಿತ್ತು: ಕೆಲಸ, ಶಾಲೆ, ಗುಡಿ, ದಿನಸಿ, ವಿದ್ಯಾರಣ್ಯ ಕನ್ನಡ ಕೂಟದ ಯುಗಾದಿ. 2008ರಲ್ಲಿ ಅಕ್ಕ ಸಂಸ್ಥೆಯ ವಿಶ್ವ ಕನ್ನಡ ಸಮ್ಮೇಳನ ಷಿಕಾಗೋದಲ್ಲಿ ನಡೆದಾಗ ಈ ಉಪನಗರಗಳ ಕನ್ನಡ ಮನೆಗಳು ಅತಿಥಿಗಳಿಂದ ತುಂಬಿದ್ದವು. ಈ ಭೂಗೋಳದಲ್ಲಿ ಒಂದು ಸ್ಥಳ ಮಾತ್ರ ಬಿಟ್ಟುಹೋಯಿತು. ಪ್ಲಾಜಾ ಡ್ರೈವ್‌ನಲ್ಲಿ, ಗ್ರಂಥಾಲಯದ ಪಕ್ಕದಲ್ಲಿರುವ ಊರ ಕಚೇರಿ.

ಅಲ್ಲಿ ನಡೆಯುವುದೇನು ಎಂಬುದನ್ನು ಅರಿಯಲು ಆಸ್ತಿ ತೆರಿಗೆಯ ಚೀಟಿಯಿಂದ ಶುರುಮಾಡಬೇಕು. ಡುಪೇಜ್‌ನಲ್ಲಿ ಅದು ವರ್ಷಕ್ಕೆ ಎರಡು ಕಂತು, ಜೂನ್ ಮತ್ತು ಸೆಪ್ಟೆಂಬರ್‌ನಲ್ಲಿ. ಚೀಟಿಯಲ್ಲಿ ಒಂದೇ ಸರ್ಕಾರದ ಹೆಸರಿರುವುದಿಲ್ಲ. ಕೌಂಟಿ, ಅರಣ್ಯ ಸಂರಕ್ಷಣಾ ಜಿಲ್ಲೆ, ವಿಮಾನ ನಿಲ್ದಾಣ ಪ್ರಾಧಿಕಾರ, ಟೌನ್‌ಶಿಪ್, ವಿಲೇಜ್, ಉದ್ಯಾನ ಜಿಲ್ಲೆ, ಗ್ರಂಥಾಲಯ, ಅಗ್ನಿಶಾಮಕ ಜಿಲ್ಲೆ, ಪ್ರಾಥಮಿಕ ಶಾಲೆಗಳ 68ನೇ ಜಿಲ್ಲೆ, ಪ್ರೌಢಶಾಲೆಗಳ 99ನೇ ಜಿಲ್ಲೆ, ಕಾಲೇಜ್ ಆಫ್ ಡುಪೇಜ್. ಊರಿನೊಳಗೇ ಬೀದಿಯಿಂದ ಬೀದಿಗೆ ಈ ಪಟ್ಟಿ ಬದಲಾಗುತ್ತದೆ. ಒಂದು ಬದಿಯ ಬೆಂಕಿ ಆರಿಸುವವರು ಬೇರೆ, ಇನ್ನೊಂದು ಬದಿಯವರು ಬೇರೆ. ಇಲಿನಾಯ್‌ನಲ್ಲಿ ಇಂಥ ಸ್ಥಳೀಯ ಸರ್ಕಾರಗಳು ಸುಮಾರು ಏಳು ಸಾವಿರ. ಅಮೆರಿಕದ ಬೇರಾವ ರಾಜ್ಯದಲ್ಲೂ ಇಷ್ಟಿಲ್ಲ. ಇದು ಪ್ರಜಾಸತ್ತೆಯ ವಿಕೇಂದ್ರೀಕರಣವೋ ಅಥವಾ ಹೊಣೆಗಾರಿಕೆ ಯಾರದೆಂದೇ ತಿಳಿಯದ ಚೂರುಚೂರೋ ಎಂಬ ವಾದ ಹಳೆಯದು. ಕರ್ನಾಟಕದಲ್ಲಿ ಅಬ್ದುಲ್ ನಜೀರ್ ಸಾಬ್ 1980ರ ದಶಕದಲ್ಲಿ ಅಧಿಕಾರವನ್ನು ಕೆಳಕ್ಕಿಳಿಸಲು ಹೋರಾಡಬೇಕಾಯಿತು. ಇಲ್ಲಿ ಅಧಿಕಾರ ಕೆಳಗೇ ಇದೆ, ಆದರೆ ಹನ್ನೊಂದು ಪೆಟ್ಟಿಗೆಗಳಲ್ಲಿ ಬೀಗ ಹಾಕಿದಂತಿದೆ. ತೆರಿಗೆಯ ಸಿಂಹಪಾಲು ಶಾಲೆಗಳಿಗೆ ಹೋಗುತ್ತದೆ. ಅದರಿಂದಾಗಿಯೇ ಮನೆಯ ಬೆಲೆ ಹೆಚ್ಚಿರುವ ಊರಿಗೆ ಒಳ್ಳೆಯ ಶಾಲೆ, ಬೆಲೆ ಕಡಿಮೆ ಇರುವ ಊರಿಗೆ ಬಡ ಶಾಲೆ. ‘ಒಳ್ಳೆಯ ಸ್ಕೂಲ್ ಡಿಸ್ಟ್ರಿಕ್ಟ್’ ಎಂದು ಕನ್ನಡ ಮನೆಗಳಲ್ಲಿ ಮುಗ್ಧವಾಗಿ ಆಡುವ ಮಾತಿನ ಹಿಂದೆ ಈ ಲೆಕ್ಕವಿದೆ.

ನೀರಿನ ವಿಷಯಕ್ಕೆ ಬಂದರೆ ಕಾವೇರಿಯ ಮಕ್ಕಳಿಗೆ ಕಿವಿ ನೆಟ್ಟಗಾಗಬೇಕು. ಹಿಂದೆ ಈ ಉಪನಗರಗಳು ಕೊಳವೆಬಾವಿಗಳನ್ನು ನಂಬಿದ್ದವು, ಅಂತರ್ಜಲ ಕುಸಿಯಿತು. 1980ರ ದಶಕದಲ್ಲಿ ರಚನೆಯಾದ ಡುಪೇಜ್ ಜಲ ಆಯೋಗ 1992ರಿಂದ ಮಿಷಿಗನ್ ಸರೋವರದ ನೀರನ್ನು ತಂದುಕೊಡುತ್ತಿದೆ. ಆದರೆ ಸರೋವರದಿಂದ ಇಲಿನಾಯ್ ಎಷ್ಟು ನೀರೆತ್ತಬಹುದು ಎಂಬುದನ್ನು ಅಮೆರಿಕದ ಸುಪ್ರೀಂ ಕೋರ್ಟು 1967ರಲ್ಲಿ ನಿಗದಿ ಮಾಡಿದೆ: 3,200 ಕ್ಯೂಸೆಕ್, ಅದಕ್ಕಿಂತ ಹೆಚ್ಚಿಲ್ಲ. ತನ್ನ ಕೊಳಚೆ ಕುಡಿಯುವ ನೀರಿಗೆ ಸೇರಬಾರದೆಂದು ಷಿಕಾಗೋ 1900ರಲ್ಲಿ ನದಿಯನ್ನೇ ಹಿಮ್ಮುಖವಾಗಿ ಹರಿಸಿತ್ತು. ಸರೋವರದ ನೆರೆರಾಜ್ಯಗಳು ನ್ಯಾಯಾಲಯಕ್ಕೆ ಹೋದವು. ಆ ಕಾಲುವೆ ಲೆಮಾಂಟ್‌ನ ಕೆಳಗಿನ ಕಣಿವೆಯಲ್ಲೇ ಹಾದುಹೋಗುತ್ತದೆ. ದೇವಾಲಯಕ್ಕೆ ಹೋಗುವ ಭಕ್ತರಲ್ಲಿ, ಪಕ್ಕದ ಕಣಿವೆಯಲ್ಲಿ ಹರಿಯುತ್ತಿರುವುದು ಇನ್ನೊಂದು ಕಾವೇರಿ ವ್ಯಾಜ್ಯವೆಂದು ಬಲ್ಲವರು ಎಷ್ಟು ಮಂದಿಯೋ.

ವುಡ್‌ರಿಡ್ಜ್‌ನ ಪಶ್ಚಿಮದಲ್ಲಿ ಗ್ರೀನ್ ವ್ಯಾಲಿ ಎಂಬ ಅರಣ್ಯ ಪ್ರದೇಶವಿದೆ. ಹಳೆಯ ರೈತ ಕುಟುಂಬವೊಂದರ ಹೆಸರು ಅದು. ಅಲ್ಲಿ ಒಂದು ಗುಡ್ಡ ಸುತ್ತಲಿನ ನೆಲಕ್ಕಿಂತ 190 ಅಡಿ ಎದ್ದು ನಿಂತಿದೆ. ಬೇಸಿಗೆಯ ವಾರಾಂತ್ಯಗಳಲ್ಲಿ ಮೇಲಕ್ಕೆ ಕಾರುಗಳನ್ನು ಬಿಡುತ್ತಾರೆ; ಆಕಾಶ ತಿಳಿಯಾಗಿದ್ದರೆ ಷಿಕಾಗೋದ ಗೋಪುರಗಳು ಕಾಣುತ್ತವೆ. ಹೊಸದಾಗಿ ಬಂದ ತಂದೆತಾಯಿಯರನ್ನು ಕರೆದುಕೊಂಡು ಹೋಗಿ ತೋರಿಸಲು ಹೇಳಿಮಾಡಿಸಿದ ಜಾಗ. ಆ ಗುಡ್ಡ ದೇವರು ಮಾಡಿದ್ದಲ್ಲ, ಹಿಮನದಿಯೂ ಮಾಡಿದ್ದಲ್ಲ. 1974ರಿಂದ 1996ರವರೆಗೆ ಡುಪೇಜ್‌ನ ಮನೆಮನೆಗಳು ಬಿಸಾಡಿದ ಕಸದ ರಾಶಿ ಅದು. ಮೇಲೆ ಮಣ್ಣು ಮುಚ್ಚಿ ಹುಲ್ಲು ಬೆಳೆಸಲಾಗಿದೆ. ಒಳಗಿನ ಅನಿಲವನ್ನು ಕೊಳವೆಗಳಲ್ಲಿ ಸೆಳೆದು ವಿದ್ಯುತ್ ತಯಾರಿಸಲಾಗಿದೆ. ಬೆಂಗಳೂರಿನ ಮಂಡೂರು, ಮಾವಳ್ಳಿಪುರಗಳ ಗುಡ್ಡಗಳನ್ನು ನೆನೆದರೆ ವ್ಯತ್ಯಾಸ ತಿಳಿಯುತ್ತದೆ. ಮಂಡೂರಿನ ಜನ ನೊಣ, ನಾತ, ಹಾಳಾದ ಬಾವಿನೀರುಗಳ ನಡುವೆ ವರ್ಷಗಟ್ಟಲೆ ರಸ್ತೆಗಿಳಿದ ಮೇಲೆ, 2014ರ ಕೊನೆಯಲ್ಲಿ, ಅಲ್ಲಿಗೆ ಕಸ ಸುರಿಯುವುದು ನಿಂತಿತು.

ಹಾಗೆಂದು ಇಲ್ಲಿನವರು ಕಸದ ಸಮಸ್ಯೆಯನ್ನು ಗೆದ್ದರೆನ್ನುವುದು ತಪ್ಪಾದೀತು. ಡುಪೇಜ್ ತನ್ನ ಕಸದಗುಂಡಿಗಳನ್ನು ಮುಚ್ಚಿದ ಮೇಲೆ ಕಸವೇನೂ ಕಡಿಮೆಯಾಗಲಿಲ್ಲ. ಲಾರಿ ಹತ್ತಿ, ನೆಲ ಅಗ್ಗವಾಗಿರುವ ಬೇರೆ ಕೌಂಟಿಗಳತ್ತ ಹೊರಟಿತು. ಅಲ್ಲಿಯೂ ಯಾರದೋ ಮಂಡೂರು ಇದ್ದೇ ಇರುತ್ತದೆ. ವ್ಯತ್ಯಾಸವಿರುವುದು ಒಂದೇ ವಿಷಯದಲ್ಲಿ: ಗ್ರೀನ್ ವ್ಯಾಲಿಯ ನೆಲದ ಒಡೆತನ ಜನರಿಂದ ಆಯ್ಕೆಯಾದ ಅರಣ್ಯ ಸಂರಕ್ಷಣಾ ಜಿಲ್ಲೆಯದ್ದಾಗಿತ್ತು, ಹಾಗಾಗಿ ಗುಡ್ಡ ಮುಂದೇನಾಗಬೇಕೆಂದು ಕೇಳಲು ಒಂದು ಬಾಗಿಲಿತ್ತು.

2021ರ ಜೂನ್ 20, ಭಾನುವಾರ, ರಾತ್ರಿ ಹನ್ನೊಂದರ ಸುಮಾರಿಗೆ ನೇಪರ್‌ವಿಲ್‌ನಿಂದ ಎದ್ದ ಸುಂಟರಗಾಳಿ ವುಡ್‌ರಿಡ್ಜ್, ಡೇರಿಯನ್‌ಗಳನ್ನು ಸೀಳಿಕೊಂಡು ಹೋಯಿತು. ಹವಾಮಾನ ಇಲಾಖೆ ಅದನ್ನು ಇಎಫ್-3 ದರ್ಜೆಯದೆಂದು ಅಳೆಯಿತು. ಗಾಳಿಯ ವೇಗ ಗಂಟೆಗೆ 140 ಮೈಲಿ. ಸೂರು ಹಾರಿದ ಮನೆಗಳು, ಬುಡಮೇಲಾದ ಓಕ್ ಮರಗಳು, ಕತ್ತಲೆ. ಸೈರನ್ ಕೂಗಿತ್ತು, ಜನ ನೆಲಮಾಳಿಗೆಗೆ ಇಳಿದಿದ್ದರು. ಸೈರನ್ ಕೂಗುವುದು ಸಣ್ಣ ಸಂಗತಿಯಲ್ಲ. 1990ರ ಆಗಸ್ಟ್ 28ರಂದು ಇದೇ ಸೀಮೆಯ ಪ್ಲೇನ್‌ಫೀಲ್ಡ್‌ಗೆ ಸುಂಟರಗಾಳಿ ಬಡಿದಾಗ ಮುನ್ನೆಚ್ಚರಿಕೆ ಸಕಾಲಕ್ಕೆ ಬರಲಿಲ್ಲ. 29 ಮಂದಿ ಸತ್ತರು. ಆ ದುರಂತದ ನಂತರ ಮುನ್ಸೂಚನೆಯ ವ್ಯವಸ್ಥೆ ಸುಧಾರಿಸಿತು. ವುಡ್‌ರಿಡ್ಜ್‌ನಲ್ಲಿ ಮರುದಿನ ಬೆಳಿಗ್ಗೆ ಗರಗಸ ಹಿಡಿದು, ನೀರಿನ ಬಾಟಲಿ ಹಿಡಿದು ಬಂದ ನೆರೆಯವರ ನಡುವೆ ಹಲವರು ಒಬ್ಬರಿಗೊಬ್ಬರು ಮೊದಲ ಬಾರಿ ಹೆಸರು ಕೇಳಿಕೊಂಡರು. ಬೇಲಿ ಬಿದ್ದ ಮೇಲೆ ಆದ ಪರಿಚಯ.

ಇಷ್ಟಾದ ಮೇಲೂ ಕನ್ನಡದ ಪ್ರಗತಿಪರರು ಈ ಊರಿನ ಆಗುಹೋಗುಗಳಿಂದ ಏಕೆ ದೂರ ಉಳಿದಿದ್ದಾರೆ ಎಂಬುದನ್ನು ಕೇಳಲೇಬೇಕು. 2022ನ್ನೇ ನೆನಪಿಸಿಕೊಳ್ಳಬಹುದು. ಆ ವರ್ಷ ಕರ್ನಾಟಕದಲ್ಲಿ ಪಠ್ಯಪುಸ್ತಕ ಪರಿಷ್ಕರಣೆಯ ವಿವಾದ ಭುಗಿಲೆದ್ದಿತು. ದೇವನೂರ ಮಹಾದೇವ ತಮ್ಮ ಪಾಠವನ್ನು ಬಳಸಲು ಕೊಟ್ಟಿದ್ದ ಒಪ್ಪಿಗೆಯನ್ನು ಹಿಂದಕ್ಕೆ ಪಡೆದರು. ಸಾಗರದಾಚೆಯ ಕನ್ನಡಿಗರು ಆ ಬಗ್ಗೆ ಪುಟಗಟ್ಟಲೆ ಬರೆದರು, ಸರಿಯಾಗಿಯೇ ಬರೆದರು. ಅದೇ ಕಾಲದಲ್ಲಿ ವುಡ್‌ರಿಡ್ಜ್‌ನ ಹಲವು ಮಕ್ಕಳು ಹೋಗುವ ಪ್ರೌಢಶಾಲೆಗಳ 99ನೇ ಜಿಲ್ಲೆಯಲ್ಲಿ, ‘ಜೆಂಡರ್ ಕ್ವಿಯರ್’ ಎಂಬ ಚಿತ್ರಕಥನವನ್ನು ಗ್ರಂಥಾಲಯದಿಂದ ತೆಗೆಯಬೇಕೆಂಬ ಗದ್ದಲ ನಡೆದಿತ್ತು. 2021ರ ನವೆಂಬರ್‌ನ ಮಂಡಳಿ ಸಭೆಗೆ ಬಲಪಂಥೀಯ ಪ್ರೌಡ್ ಬಾಯ್ಸ್ ಗುಂಪಿನವರೂ ಬಂದು ನಿಂತಿದ್ದರು. ಅವರ ಎದುರಿಗೆ ಮೈಕ್ ಹಿಡಿದು ಪುಸ್ತಕದ ಪರವಾಗಿ ಮಾತಾಡಿದವರಲ್ಲಿ ವಿದ್ಯಾರ್ಥಿಗಳೂ ಇದ್ದರು. 2022ರಲ್ಲಿ ಮಂಡಳಿ ಪುಸ್ತಕವನ್ನು ಉಳಿಸಿಕೊಂಡಿತು. ಮರುವರ್ಷ, ಗ್ರಂಥಾಲಯಗಳಲ್ಲಿ ಪುಸ್ತಕ ನಿಷೇಧವನ್ನು ತಡೆಯುವ ಕಾನೂನನ್ನು ಇಲಿನಾಯ್ ಇಡೀ ದೇಶದಲ್ಲೇ ಮೊದಲನೆಯದಾಗಿ ಮಾಡಿತು. ಡೌನರ್ಸ್ ಗ್ರೋವ್‌ನ ಈ ಜಗಳ ಅದಕ್ಕೆ ಪ್ರೇರಣೆಗಳಲ್ಲೊಂದಾಗಿತ್ತು. ಹದಿನಾರು-ಹದಿನೇಳರ ಹುಡುಗರು ಎದ್ದು ನಿಂತ ಆ ಕೋಣೆ, ಎಷ್ಟೋ ಕನ್ನಡ ಮನೆಗಳಿಂದ ಹತ್ತು ನಿಮಿಷದ ದಾರಿ.

ಇದಕ್ಕೆ ಸಿಗುವ ಮೊದಲ ಉತ್ತರ, ‘ಮತವಿಲ್ಲವಲ್ಲ’ ಎಂಬುದು. ಅದು ನೆಪವಲ್ಲ. ಉದ್ಯೋಗಾಧಾರಿತ ಹಸಿರು ಚೀಟಿಗಳಲ್ಲಿ ಯಾವ ದೇಶಕ್ಕೂ ಶೇಕಡ 7ಕ್ಕಿಂತ ಹೆಚ್ಚು ಕೊಡಬಾರದೆಂಬ ನಿಯಮದಿಂದಾಗಿ, ಭಾರತದಲ್ಲಿ ಹುಟ್ಟಿದವರು ದಶಕಗಟ್ಟಲೆ ಕಾಯುತ್ತಾರೆ. ಮನೆ ಕೊಳ್ಳುತ್ತಾರೆ, ತೆರಿಗೆ ಕಟ್ಟುತ್ತಾರೆ, ಮಕ್ಕಳನ್ನು ಬೆಳೆಸುತ್ತಾರೆ, ಮತವಿಲ್ಲ. ಕಂದಾಯ ಕಟ್ಟುವ ಒಕ್ಕಲಿಗೆ ಊರ ಮಾತಿನಲ್ಲಿ ಪಾಲಿಲ್ಲದ ಹಳೆಯ ಗೇಣಿಯ ಕಾಲ ಇದಕ್ಕಿಂತ ಬಹಳ ಬೇರೆಯಿರಲಿಲ್ಲ. ಆದರೆ ಪೌರತ್ವ ಪಡೆದವರ ಕಥೆಯೇನು? ಊರಿನ ಅಧ್ಯಕ್ಷರನ್ನೂ ಆರು ಮಂದಿ ಟ್ರಸ್ಟಿಗಳನ್ನೂ, ಶಾಲಾ ಮಂಡಳಿಗಳನ್ನೂ ಆರಿಸುವುದು ಬೆಸಸಂಖ್ಯೆಯ ವರ್ಷಗಳ ಏಪ್ರಿಲ್‌ನಲ್ಲಿ. ಅಧ್ಯಕ್ಷೀಯ ಚುನಾವಣೆಯ ನವೆಂಬರ್‌ನಲ್ಲಿ ಸಾಲುಗಟ್ಟಿ ನಿಲ್ಲುವವರು ಆ ಏಪ್ರಿಲ್ಲುಗಳಲ್ಲಿ ಮನೆಯಲ್ಲಿರುತ್ತಾರೆ. ಕೆಲವೇ ನೂರು ಮತಗಳ ಅಂತರದಲ್ಲಿ ತೀರ್ಮಾನವಾಗಬಹುದಾದ ಸ್ಪರ್ಧೆಗಳು ಅವು. ಕರ್ನಾಟಕದ ಗ್ರಾಮ ಪಂಚಾಯಿತಿಯಂತೆ ಇಲ್ಲಿಯೂ ಪಕ್ಷದ ಚಿಹ್ನೆಯಿಲ್ಲ. ಅಭ್ಯರ್ಥಿಯ ನಿಲುವು ತಿಳಿಯಬೇಕಾದರೆ ಸಭೆಗೆ ಹೋಗಬೇಕು, ಕೇಳಬೇಕು.

ಇನ್ನು ಮತವಿಲ್ಲದವರ ಮಾತು. ಇಲಿನಾಯ್‌ನ ಬಹಿರಂಗ ಸಭೆಗಳ ಕಾನೂನು, ಸಾರ್ವಜನಿಕ ಸಂಸ್ಥೆಯ ಸಭೆಯಲ್ಲಿ ‘ಯಾವುದೇ ವ್ಯಕ್ತಿ’ಗೆ ಅಧಿಕಾರಿಗಳನ್ನುದ್ದೇಶಿಸಿ ಮಾತಾಡುವ ಅವಕಾಶವಿರಬೇಕು ಎನ್ನುತ್ತದೆ. ‘ಪ್ರಜೆ’ ಎಂದಿಲ್ಲ, ‘ಮತದಾರ’ ಎಂದಿಲ್ಲ, ‘ವ್ಯಕ್ತಿ’ ಎಂದಿದೆ. ಬಾಡಿಗೆಗಿರುವವರು, ವೀಸಾದ ಮೇಲಿರುವವರು, ಮಗನ ಮನೆಗೆ ಬಂದಿರುವ ಅಜ್ಜಿ, ಎಲ್ಲರೂ ಆ ಪದದೊಳಗೆ ಬರುತ್ತಾರೆ. ಸಭೆಯ ಕಾರ್ಯಸೂಚಿಯನ್ನು 48 ಗಂಟೆ ಮುಂಚೆ ಪ್ರಕಟಿಸಬೇಕು ಎಂದೂ ಅದೇ ಕಾನೂನು ಹೇಳುತ್ತದೆ. ಪ್ಲಾಜಾ ಡ್ರೈವ್‌ನ ಐದನೇ ನಂಬರಿನ ಕಟ್ಟಡದಲ್ಲಿ ಅಧ್ಯಕ್ಷರು, ಟ್ರಸ್ಟಿಗಳು ಕೂರುವ ಮೇಜಿನ ಎದುರಿಗೆ ಸಾರ್ವಜನಿಕರಿಗಾಗಿ ಕುರ್ಚಿಗಳ ಸಾಲಿದೆ.